ಪದ ಪರಿಚಯ: ಇನ್‌ಪುಟ್ ಮೆಥಡ್ ಲೈಬ್ರರಿ

ಕೀಬೋರ್ಡಿಗೆ ಯಾವ ಭಾಷೆಯೂ ಬರುವುದಿಲ್ಲ. ಇಂಗ್ಲಿಷ್ ಕೂಡ ಬರುವುದಿಲ್ಲ. ನೀವು ಕೀಲಿ ಒತ್ತಿದಾಗ ಅದು ಕಂಪ್ಯೂಟರಿಗೆ ಕಳಿಸುವುದು ‘ಇಷ್ಟನೇ ನಂಬರಿನ ಕೀಲಿ ಒತ್ತಿದ್ದಾರೆ’ ಎಂಬ ಸುದ್ದಿಯನ್ನು ಮಾತ್ರ. ಆ ನಂಬರನ್ನು ಅಕ್ಷರ ಮಾಡುವ ಕೆಲಸ ಒಳಗೆ ಕೂತ ಕೆಲವು ಫೈಲುಗಳದ್ದು. ಅವೆಲ್ಲ ಸೇರಿದರೆ ಇನ್‌ಪುಟ್ ಮೆಥಡ್ ಲೈಬ್ರರಿ.

ಲೈಬ್ರರಿ ಎಂದರೆ ತಾನಾಗಿ ಓಡದ, ಬೇರೆ ಪ್ರೋಗ್ರಾಂ ಕರೆದಾಗಷ್ಟೇ ಕೆಲಸ ಮಾಡುವ ಕೋಡ್. ವಿಂಡೋಸ್‌ನಲ್ಲಿ ಇಂಥ ಫೈಲಿನ ಹೆಸರು ಡಿಎಲ್‌ಎಲ್ ಎಂದು ಮುಗಿಯುತ್ತದೆ, ಲಿನಕ್ಸ್‌ನಲ್ಲಿ ಎಸ್‌ಒ ಎಂದು. ಬ್ರೌಸರ್ ಬರೆದವರು, ಚಾಟ್ ಆ್ಯಪ್ ಬರೆದವರು, ವರ್ಡ್ ಬರೆದವರು ಒಬ್ಬೊಬ್ಬರೂ ಕನ್ನಡ, ಜಪಾನಿ, ಅರಬ್ಬಿ ಟೈಪಿಂಗ್ ಕಲಿತು ಕೂರಬೇಕಿಲ್ಲ. ಎಲ್ಲರೂ ಒಂದೇ ಲೈಬ್ರರಿಯನ್ನು ಕರೆದರೆ ಸಾಕು.

ನಿಮ್ಮ ವಿಂಡೋಸ್‌ನ ಸಿಸ್ಟಮ್32 ಫೋಲ್ಡರಿನಲ್ಲಿ ಕೆಬಿಡಿಐಎನ್‌ಕೆಎಎನ್ ಎಂಬ ಡಿಎಲ್‌ಎಲ್ ಇದೆ. ಹೆಸರನ್ನು ಬಿಡಿಸಿ ಓದಿದರೆ ಕೀಬೋರ್ಡ್, ಇಂಡಿಯಾ, ಕನ್ನಡ. ಕನ್ನಡ ಇನ್‌ಸ್ಕ್ರಿಪ್ಟ್ ವಿನ್ಯಾಸ, ಅಂದರೆ ಭಾರತೀಯ ಭಾಷೆಗಳಿಗೆಂದು ರೂಪಿಸಿದ ಕೀಲಿಗಳ ಜೋಡಣೆ, ಇರುವುದು ಅದರಲ್ಲೇ. ಹಳೆಯ ವಿಂಡೋಸ್ ಎಕ್ಸ್‌ಪಿ ಕಾಲದಲ್ಲಿ ಇಂಥ ಸೌಲಭ್ಯ ಸುಮ್ನೆ ಸಿಗುತ್ತಿರಲಿಲ್ಲ. ಕಂಟ್ರೋಲ್ ಪ್ಯಾನೆಲ್‌ಗೆ ಹೋಗಿ ‘ಕಾಂಪ್ಲೆಕ್ಸ್ ಸ್ಕ್ರಿಪ್ಟ್’ ಎಂಬ ಚೌಕಕ್ಕೆ ಟಿಕ್ ಹಾಕಬೇಕು, ಅದು ವಿಂಡೋಸ್ ಸಿಡಿ ಕೇಳುತ್ತದೆ, ಆ ಸಿಡಿ ಯಾರ ಹತ್ತಿರವೂ ಇರುತ್ತಿರಲಿಲ್ಲ! ಆ ಫೈಲುಗಳಿಗೆ ಬೇಕಾಗಿದ್ದ ಜಾಗ 10 ಎಂಬಿ. ಪಕ್ಕದಲ್ಲೇ ಇದ್ದ ಚೀನಿ, ಜಪಾನಿ, ಕೊರಿಯನ್ ಚೌಕಕ್ಕೆ 230 ಎಂಬಿ. ಇಷ್ಟೊಂದು ವ್ಯತ್ಯಾಸಕ್ಕೆ ಸಾವಿರಾರು ಅಕ್ಷರಗಳ ದೊಡ್ಡ ಫಾಂಟುಗಳು ಒಂದು ಕಾರಣ, ಟೈಪ್ ಮಾಡುವ ರೀತಿ ಇನ್ನೊಂದು.

ಇನ್‌ಸ್ಕ್ರಿಪ್ಟ್‌ನಲ್ಲಿ ಒಂದು ಕೀಲಿಗೆ ಹೆಚ್ಚುಕಡಿಮೆ ಒಂದು ಅಕ್ಷರ. ಒಂದು ಪಟ್ಟಿ ಇದ್ದರೆ ಕೆಲಸ ಮುಗಿಯಿತು. ಜಪಾನಿಯಲ್ಲಿ ಹಾಗಾಗುವುದಿಲ್ಲ. ‘ಹಾಶಿ’ ಎಂದು ಟೈಪ್ ಮಾಡಿದರೆ ಅದು ಸೇತುವೆಯೂ ಆಗಬಹುದು, ಊಟದ ಕಡ್ಡಿಯೂ ಆಗಬಹುದು, ಅಂಚೂ ಆಗಬಹುದು. ಮೂರಕ್ಕೂ ಬೇರೆ ಬೇರೆ ಅಕ್ಷರ. ಹಾಗಾಗಿ ನಿಘಂಟು ನೋಡಿ, ಆಯ್ಕೆಗಳ ಪಟ್ಟಿ ತೋರಿಸಿ, ಬಳಸುವವರು ಒಂದನ್ನು ಆರಿಸಿದ ಮೇಲೆ ಮಾತ್ರ ಅಕ್ಷರವನ್ನು ಪ್ರೋಗ್ರಾಂಗೆ ಕೊಡಬೇಕು. ಈ ವ್ಯವಸ್ಥೆಗೆ ಐಎಂಇ (ಇನ್‌ಪುಟ್ ಮೆಥಡ್ ಎಡಿಟರ್) ಎನ್ನುತ್ತಾರೆ. ವಿಂಡೋಸ್‌ನಲ್ಲಿ ಅದಕ್ಕೂ ಪ್ರೋಗ್ರಾಂಗೂ ನಡುವೆ ಓಡಾಡಲು ಬಂದ ಹಳೆಯ ಲೈಬ್ರರಿ ಐಎಂಎಂ32. ಈಗ ಅದರ ಜೊತೆಗೆ ಎಂಎಸ್‌ಸಿಟಿಎಫ್ ಎಂಬ ಹೊಸದೂ ಇದೆ.

ಇಲ್ಲೊಂದು ಎಚ್ಚರಿಕೆ. ‘ಐಎಂಎಂ32 ಕಾಣೆಯಾಗಿದೆ’ ಎಂಬ ದೋಷ ಬಂದರೆ ಗೂಗಲ್‌ನಲ್ಲಿ ಹುಡುಕಿ ಸಿಕ್ಕಿದ ಡಿಎಲ್‌ಎಲ್ ಇಳಿಸಿಕೊಳ್ಳಬೇಡಿ. ಕಿಟಕಿ ತೆರೆಯುವ ಬಹುತೇಕ ಎಲ್ಲ ಪ್ರೋಗ್ರಾಂಗಳೂ ಈ ಫೈಲನ್ನು ಒಳಗೆ ಸೇರಿಸಿಕೊಳ್ಳುತ್ತವೆ. ಕಳ್ಳನಿಗೆ ಇದಕ್ಕಿಂತ ಒಳ್ಳೆಯ ಜಾಗ ಬೇಕಾ? ಹಿಂದೆ ಕೆಲವು ಮಾಲ್‌ವೇರ್‌ಗಳು ಇದೇ ಫೈಲನ್ನು ತಿದ್ದಿ ಒಳಗೆ ಕೂತಿದ್ದವು. ವಿಂಡೋಸ್‌ನದ್ದೇ ಆದ ಎಸ್‌ಎಫ್‌ಸಿ (ಸಿಸ್ಟಮ್ ಫೈಲ್ ಚೆಕರ್) ಕಮಾಂಡ್ ಹಾಳಾದ ಫೈಲನ್ನು ವಾಪಸ್ ಹಾಕಿಕೊಡುತ್ತದೆ.

ಲಿನಕ್ಸ್ ಕಡೆಗೆ ಬಂದರೆ ಕಥೆ ಇನ್ನೂ ಚೆನ್ನಾಗಿದೆ, ಏಕೆಂದರೆ ಅಲ್ಲಿ ಎಲ್ಲವನ್ನೂ ತೆರೆದು ನೋಡಬಹುದು. ಕನ್ನಡದವರಿಗೆ ಅಲ್ಲಿ ಹೆಚ್ಚು ಉಪಯೋಗಕ್ಕೆ ಬಂದ ಲೈಬ್ರರಿ ಎಂ17ಎನ್. ಮಲ್ಟಿಲಿಂಗ್ವಲೈಸೇಷನ್ ಎಂದು ಇಂಗ್ಲಿಷಿನಲ್ಲಿ ಬರೆದರೆ ಎಂಗೂ ಎನ್‌ಗೂ ನಡುವೆ 17 ಅಕ್ಷರ, ಅದಕ್ಕೇ ಆ ಹೆಸರು. ಇದನ್ನು ಕಟ್ಟಿದ್ದು ಜಪಾನಿನ ಸರ್ಕಾರಿ ಸಂಶೋಧನಾ ಸಂಸ್ಥೆ ಎಐಎಸ್‌ಟಿಯಲ್ಲಿ. ಮುಂದಾಳು ಕೆನಿಚಿ ಹಾಂಡಾ. ಇಮ್ಯಾಕ್ಸ್ ಎಡಿಟರಿಗೆ ಮ್ಯೂಲ್ ಎಂಬ ಬಹುಭಾಷಾ ಸೌಲಭ್ಯ ತಂದವರಲ್ಲೂ ಇವರೇ ಮುಖ್ಯರು.

ಎಂ17ಎನ್‌ನ ಜಾಣತನ ಎಂದರೆ ಭಾಷೆಯ ವಿಷಯವನ್ನು ಕೋಡ್‌ನಿಂದ ಹೊರಗಿಟ್ಟದ್ದು. ಲೈಬ್ರರಿ ಒಂದೇ. ಒಂದೊಂದು ಟೈಪಿಂಗ್ ರೀತಿಗೂ ಎಂಐಎಂ ಎಂದು ಕೊನೆಯಾಗುವ ಒಂದು ಸಾದಾ ಪಠ್ಯ ಫೈಲು. ಕನ್ನಡಕ್ಕೆ ಕೆಜಿಪಿ, ಐಟ್ರಾನ್ಸ್, ಇನ್‌ಸ್ಕ್ರಿಪ್ಟ್ ಎಂಬ ಫೈಲುಗಳಿವೆ. ಕೆಜಿಪಿ ಎಂದರೆ ಕೆ. ಪಿ. ರಾವ್ ರೂಪಿಸಿದ, ಕನ್ನಡ ಗಣಕ ಪರಿಷತ್ತಿನ ‘ನುಡಿ’ ತಂತ್ರಾಂಶದಿಂದ ಮನೆಮಾತಾದ ವಿನ್ಯಾಸ. ಐಟ್ರಾನ್ಸ್ ಎಂದರೆ ಕನ್ನಡವನ್ನು ಉಚ್ಚಾರದಂತೆ ಇಂಗ್ಲಿಷ್ ಅಕ್ಷರಗಳಲ್ಲಿ ಒತ್ತುವ ರೀತಿ.

‘ಕನ್ನಡ’ ಎಂಬ ಪದವನ್ನೇ ತೆಗೆದುಕೊಳ್ಳಿ. ಕೆಜಿಪಿಯಲ್ಲಿ ಒತ್ತುವುದು ಕೆ, ಎನ್, ಎಫ್, ಎನ್, ಡಬ್ಲ್ಯು. ಇನ್‌ಸ್ಕ್ರಿಪ್ಟ್‌ನಲ್ಲಿ ಕೆ, ವಿ, ಡಿ, ವಿ, ಆಮೇಲೆ ಚೌಕ ಆವರಣದ ಕೀಲಿ. ಐಟ್ರಾನ್ಸ್‌ನಲ್ಲಿ ಕೆ, ಎ, ಎನ್, ಎನ್, ಎ, ದೊಡ್ಡ ಡಿ, ಎ. ಬೆರಳು ಹೇಗೇ ಓಡಲಿ, ಕಡತದಲ್ಲಿ ಉಳಿಯುವುದು ಅದೇ 5 ಯೂನಿಕೋಡ್ ಸಂಕೇತ: ಕ, ನ, ವಿರಾಮ (ಒತ್ತಕ್ಷರ ಮಾಡಿಸುವ ಚಿಹ್ನೆ), ನ, ಡ. ಹಾಗಾಗಿ ಐಟ್ರಾನ್ಸ್‌ನಲ್ಲಿ ನೀವು ಬರೆದದ್ದನ್ನು ನಿಮ್ಮ ಗೆಳೆಯರು ಕೆಜಿಪಿಯಲ್ಲಿ ಆರಾಮಾಗಿ ತಿದ್ದಬಹುದು.

ಐಟ್ರಾನ್ಸ್‌ನಲ್ಲಿ ಲೈಬ್ರರಿಗೆ ಸ್ವಲ್ಪ ನೆನಪಿನ ಶಕ್ತಿಯೂ ಬೇಕು. ಕೆ ಒತ್ತಿದರೆ ‘ಕ್’. ಎ ಬಂದರೆ ‘ಕ’. ಇನ್ನೊಂದು ಎ ಬಂದರೆ ‘ಕಾ’. ಅಂದರೆ ಮೊದಲು ತೋರಿಸಿದ್ದನ್ನು ಅದು ವಾಪಸ್ ತೆಗೆದುಕೊಳ್ಳಬೇಕು. ಟೈಪ್ ಮಾಡುವಾಗ ಅಕ್ಷರದ ಕೆಳಗೆ ಗೆರೆ ಕಾಣುತ್ತದಲ್ವಾ? ‘ಇದಿನ್ನೂ ಪಕ್ಕಾ ಆಗಿಲ್ಲ’ ಎಂದು ಅದರ ಅರ್ಥ. ಇದಕ್ಕೆ ಪ್ರೀಎಡಿಟ್ ಎನ್ನುತ್ತಾರೆ, ಪಕ್ಕಾ ಆದರೆ ಕಮಿಟ್.

ಎಂ17ಎನ್ ನೇರವಾಗಿ ಪ್ರೋಗ್ರಾಂ ಜೊತೆ ಮಾತಾಡುವುದು ಕಡಿಮೆ. ನಡುವೆ ಐಬಸ್ ಅಥವಾ ಎಫ್‌ಸಿಐಟಿಎಕ್ಸ್ ಎಂಬ ಮಧ್ಯವರ್ತಿ ತಂತ್ರಾಂಶ ಇರುತ್ತದೆ. ಒಂದು ಪ್ರೋಗ್ರಾಂನಲ್ಲಿ ಕನ್ನಡ ಮೂಡಿ ಇನ್ನೊಂದರಲ್ಲಿ ಮೂಡದಿದ್ದರೆ ಈ ಕೊಂಡಿಯನ್ನೇ ಮೊದಲು ಅನುಮಾನಿಸಿ. ಅಕ್ಷರದ ಬದಲು ಚೌಕ ಡಬ್ಬಿ ಕಂಡರೆ ತಪ್ಪು ಫಾಂಟಿನದ್ದು. ಒತ್ತಕ್ಷರ ಬಿಡಿಬಿಡಿಯಾಗಿ ಕಂಡರೆ ಅಕ್ಷರ ಜೋಡಿಸುವ ಹಾರ್ಫ್‌ಬಜ್‌ನಂಥ ಲೈಬ್ರರಿಯದ್ದು. ಇವೆರಡಕ್ಕೂ ಇನ್‌ಪುಟ್ ಮೆಥಡ್ಡನ್ನು ಬೈದು ಪ್ರಯೋಜನವಿಲ್ಲ, ಆದರೂ ಜಾಸ್ತಿ ಬೈಗುಳ ತಿನ್ನುವುದು ಅದೇ.

ಎಂಐಎಂ ಫೈಲು ಸಾದಾ ಪಠ್ಯ ಎಂದೆನಲ್ಲ, ಅದರ ಲಾಭ ಹಳಗನ್ನಡ ಟೈಪ್ ಮಾಡುವವರಿಗೆ ಚೆನ್ನಾಗಿ ಗೊತ್ತಾಗುತ್ತದೆ. ಱ, ೞ ಎರಡೂ ಯೂನಿಕೋಡ್‌ನಲ್ಲಿವೆ. ನೀವು ಬಳಸುವ ವಿನ್ಯಾಸದಲ್ಲಿ ಅವುಗಳಿಗೆ ಕೀಲಿ ಸಿಗದಿದ್ದರೆ ಆ ಫೈಲಿನ ಪ್ರತಿ ಮಾಡಿ, ‘ಇನ್‌ಪುಟ್-ಮೆಥಡ್’ ಎಂದು ಇಂಗ್ಲಿಷಿನಲ್ಲಿ ಶುರುವಾಗುವ ಸಾಲಿನಲ್ಲಿ ಬೇರೆ ಹೆಸರು ಕೊಡಿ, ಅಕ್ಷರಗಳ ಪಟ್ಟಿಯಲ್ಲಿ ಉಳಿದ ಸಾಲುಗಳ ಮಾದರಿಯಲ್ಲೇ ಹೊಸದನ್ನು ಸೇರಿಸಿ. ಹೋಮ್ ಫೋಲ್ಡರಿನಲ್ಲಿ ಚುಕ್ಕಿಯಿಂದ ಶುರುವಾಗುವ ‘.ಎಂ17ಎನ್.ಡಿ’ ಎಂಬ ಫೋಲ್ಡರಿಗೆ ಹಾಕಿ ಐಬಸ್ ಮತ್ತೆ ಶುರು ಮಾಡಿದರೆ ಕನ್ನಡದ ಪಟ್ಟಿಯಲ್ಲಿ ನಿಮ್ಮ ವಿನ್ಯಾಸವೂ ಬಂದು ಕೂರುತ್ತದೆ. ಪ್ರೋಗ್ರಾಮಿಂಗ್ ಬರಬೇಕೆಂದೇನಿಲ್ಲ. ಆವರಣ ಚಿಹ್ನೆಗಳನ್ನು ತೆರೆದಷ್ಟೇ ಮುಚ್ಚಿದ್ದೀರಾ ಎಂದು ಮಾತ್ರ ನೋಡಿಕೊಳ್ಳಿ.