ತುಟಿ ಇಂಗ್ಲಿಷಿನದು, ದನಿ ಕನ್ನಡದ್ದು

ಅಂತರಿಕ್ಷದ ಕಥೆಯಿರುವ ಧಾರಾವಾಹಿಯನ್ನು ಕನ್ನಡ ಆಡಿಯೊದಲ್ಲಿ ಹಾಕಿದರೆ ಸಾಕು, ದಾವಣಗೆರೆಯ ನಮ್ಮ ಬಳಗದಲ್ಲಿ ಯಾರಾದರೊಬ್ಬರು ತಕರಾರು ತೆಗೆಯುತ್ತಾರೆ: "ಇವೆಲ್ಲ ಕನ್ನಡದಾಗೆ ಸೆಟ್ ಆಗಲ್ಲ ಬಿಡ್ರಿ, ಬಾಯೊಂದು ಕಡೆ, ಮಾತೊಂದು ಕಡೆ." ಈ ಮಾತು ನನಗೆ ಸಹಿಸಲಾಗುವುದಿಲ್ಲ. ಬಾಹ್ಯಾಕಾಶಕ್ಕೂ ಕನ್ನಡಕ್ಕೂ ಆಗಿಬರುವುದಿಲ್ಲ ಎನ್ನುವವರು ಚಳ್ಳಕೆರೆಯ ಕಡೆ ನೋಡಬೇಕು. 2023ರ ಏಪ್ರಿಲ್ 2ರಂದು ಇಸ್ರೊದ ರೆಕ್ಕೆಯುಳ್ಳ ಮರುಬಳಕೆ ವಾಹನ ಹೆಲಿಕಾಪ್ಟರಿನಿಂದ ಕಳಚಿಕೊಂಡು, ಚಾಲಕನಿಲ್ಲದೆ ತಾನೇ ದಾರಿ ಹಿಡಿದು ಬಂದಿಳಿದದ್ದು ಚಿತ್ರದುರ್ಗ ಜಿಲ್ಲೆಯ ಅದೇ ಬಯಲಿನ ರನ್‌ವೇ ಮೇಲೆ.

ಕನ್ನಡದ ದನಿ ತಡವಾಗಿ ಬರುತ್ತದೆ ಎಂಬುದೂ ತಪ್ಪು ತಿಳಿವಳಿಕೆ. ಡಿಜಿಟಲ್ ಪ್ರಸಾರದಲ್ಲಿ ಚಿತ್ರ, ಇಂಗ್ಲಿಷ್ ಆಡಿಯೊ, ಕನ್ನಡ ಆಡಿಯೊ ಮೂರೂ 188 ಬೈಟಿನ ಪುಟ್ಟ ಪ್ಯಾಕೆಟ್‌ಗಳಾಗಿ, ಚಿಕ್ಕಜಾಜೂರು ಜಂಕ್ಷನ್ನಿಗೆ ಒಂದೇ ಹಳಿಯ ಮೇಲೆ ಬರುವ ಬೇರೆ ಬೇರೆ ಊರಿನ ವ್ಯಾಗನ್‌ಗಳ ಹಾಗೆ, ಬೆರೆತು ಬರುತ್ತವೆ. ಪ್ರತಿ ಪ್ಯಾಕೆಟ್ಟಿನ ಮೇಲೂ ಗುರುತಿನ ಸಂಖ್ಯೆ ಇರುತ್ತದೆ. ಯಾವ ದೃಶ್ಯ, ಯಾವ ದನಿ ಯಾವಾಗ ಹೊರಬರಬೇಕೆಂಬ ವೇಳೆಯೂ ಜೊತೆಗೇ ನಮೂದಾಗಿರುತ್ತದೆ. ಸೆಕೆಂಡನ್ನು 90,000 ಪಾಲು ಮಾಡಿದ ಗಡಿಯಾರದ ವೇಳೆ ಅದು. ಸೆಟ್‌ಟಾಪ್ ಬಾಕ್ಸ್ ನೀವು ಕೇಳಿದ ಭಾಷೆಯನ್ನು ಆರಿಸಿಕೊಂಡು ವೇಳೆ ನೋಡಿ ಹೊಂದಿಸುತ್ತದೆ. ಎರಡೂ ಭಾಷೆಗೆ ಗಡಿಯಾರ ಒಂದೇ.

ಹಾಗಾದರೆ ಕಿರಿಕಿರಿ ಯಾಕೆ? ಭದ್ರಾ ನಾಲೆಯಲ್ಲಿ ಬಟ್ಟೆ ಒಗೆಯುವವರನ್ನು ದೂರದಿಂದ ಗಮನಿಸಿ. ಬಟ್ಟೆ ಕಲ್ಲಿಗೆ ಬಡಿದು ಮತ್ತೆ ಮೇಲೆದ್ದಾಗ 'ಟಪ್' ಎಂದು ಕೇಳುತ್ತದೆ. ಶಬ್ದದ ವೇಗ ಸೆಕೆಂಡಿಗೆ ಸುಮಾರು 340 ಮೀಟರ್. 170 ಮೀಟರ್ ದೂರದಲ್ಲಿ ನಿಂತರೆ ಅರ್ಧ ಸೆಕೆಂಡ್ ತಡ. ನಿಸರ್ಗದಲ್ಲಿ ಸದ್ದು ನೋಟಕ್ಕಿಂತ ಹಿಂದೆ ಬೀಳುವುದುಂಟು, ಮುಂದೆ ಓಡುವುದಿಲ್ಲ. ಮಿದುಳು ಇದಕ್ಕೆ ಒಗ್ಗಿಹೋಗಿದೆ. ಆದ್ದರಿಂದಲೇ ದನಿ 125 ಮಿಲಿಸೆಕೆಂಡ್ ತಡವಾದರೂ ನಮಗೆ ಹೆಚ್ಚುಕಡಿಮೆ ಗೊತ್ತಾಗುವುದಿಲ್ಲ. 45 ಮಿಲಿಸೆಕೆಂಡ್ ಮುಂಚೆ ಬಂದರೆ ಮಾತ್ರ ತಟ್ಟನೆ ಚುಚ್ಚುತ್ತದೆ. ಅಂತರರಾಷ್ಟ್ರೀಯ ಪ್ರಸಾರ ಮಾನದಂಡವೇ ಈ ಅಂಕಿಗಳನ್ನು ಒಪ್ಪಿಕೊಂಡಿದೆ.

ಇನ್ನೊಂದು ಕಾರಣ ಇದಕ್ಕಿಂತ ಸ್ವಾರಸ್ಯದ್ದು. 1976ರಲ್ಲಿ ಹ್ಯಾರಿ ಮೆಕ್‌ಗರ್ಕ್ ಮತ್ತು ಜಾನ್ ಮ್ಯಾಕ್‌ಡೊನಾಲ್ಡ್ ಒಂದು ಪ್ರಯೋಗ ಪ್ರಕಟಿಸಿದರು. ಪರದೆಯ ಮೇಲಿನ ತುಟಿ 'ಗ' ಎನ್ನುತ್ತಿದೆ, ಸ್ಪೀಕರಿನಿಂದ 'ಬ' ಬರುತ್ತಿದೆ. ನೋಡಿದವರಲ್ಲಿ ಬಹಳ ಮಂದಿಗೆ ಕೇಳಿಸಿದ್ದು 'ದ'! ಕಣ್ಣು ಮುಚ್ಚಿದರೆ ಮತ್ತೆ 'ಬ'. ಅಂದರೆ ನಾವು ಮಾತನ್ನು ಕಿವಿಯಿಂದಷ್ಟೇ ಕೇಳುವುದಿಲ್ಲ, ಕಣ್ಣಿನಿಂದಲೂ ಕೇಳುತ್ತೇವೆ. ಪ, ಬ, ಮ ಅನ್ನಲು ತುಟಿ ಮುಚ್ಚಲೇಬೇಕು. ಇಂಗ್ಲಿಷ್ ನಟನ ತುಟಿ ಮುಚ್ಚಿದ ಕ್ಷಣದಲ್ಲಿ ಕನ್ನಡದಲ್ಲೂ ಅಂಥದ್ದೇ ಅಕ್ಷರ ಬಂದರೆ ಮಿದುಳು ತಕರಾರಿಲ್ಲದೆ ಒಪ್ಪುತ್ತದೆ. ಒಳ್ಳೆಯ ಡಬ್ಬಿಂಗ್ ಸಂಭಾಷಣೆಕಾರರ ನಿಜವಾದ ಕಸುಬು ಇದೇ, ಅದಕ್ಕೆ ಸಲ್ಲಬೇಕಾದ ಗೌರವ ನಮ್ಮಲ್ಲಿ ಇನ್ನೂ ಸಂದಿಲ್ಲ. ಹೆಲ್ಮೆಟ್ ತೊಟ್ಟ ಗಗನಯಾತ್ರಿ, ತುಟಿಯೇ ಇಲ್ಲದ ಅನ್ಯಗ್ರಹ ಜೀವಿ, ರೋಬೋಟ್ ಇವರಿಗೆಲ್ಲ ಈ ಕಟ್ಟಳೆಯೂ ಇಲ್ಲ. ಕನ್ನಡಕ್ಕೆ ತರಲು ವೈಜ್ಞಾನಿಕ ಕಥೆಗಳಷ್ಟು ಅನುಕೂಲದವು ಬೇರೆ ಸಿಗುವುದು ಕಷ್ಟ.

ಆಮೇಲೂ ಹೊಂದುತ್ತಿಲ್ಲ ಅನ್ನಿಸಿದರೆ ಅದೇ ದೃಶ್ಯವನ್ನು ಇಂಗ್ಲಿಷಿನಲ್ಲಿ ಹಾಕಿ ನೋಡಿ. ಅಲ್ಲೂ ದನಿ ಹಿಂದೆ ಬಿದ್ದಿದ್ದರೆ ಬ್ಲೂಟೂತ್ ಸ್ಪೀಕರನ್ನು ಅನುಮಾನಿಸಿ. ಆಡಿಯೊವನ್ನು ಕುಗ್ಗಿಸಿ, ಕಳಿಸಿ, ಮತ್ತೆ ಬಿಡಿಸಲು ಅದಕ್ಕೆ ಸಮಯ ಬೇಕು. ವೈರ್ ಹಾಕಿದ ಸ್ಪೀಕರಿಗೆ ಬದಲಿಸಿದರೆ ಆ ತಡ ಹೋಗುತ್ತದೆ.