ಸ್ವ್ಯಾಗ್ ಅಂದರೆ ಬರೀ ಗತ್ತಲ್ಲ

ದಾವಣಗೆರೆಯಲ್ಲಿ ನಾವು ಕೆಲವರು ಸಂಜೆ ಸೇರಿ ಇಂಗ್ಲಿಷ್ ಓದುತ್ತೇವೆ. ಮೊನ್ನೆ ಒಂದು ಪ್ಯಾಸೇಜ್‌ನಲ್ಲಿ ಆಸ್ಟ್ರೇಲಿಯಾದ ಕೂಲಿಯವನೊಬ್ಬ ಸ್ವ್ಯಾಗ್ ಹೊತ್ತು ನಡೆಯುತ್ತಾನೆ ಅಂತ ಇತ್ತು. ಎಲ್ಲರೂ 'ಗತ್ತಿನಿಂದ ನಡೆದ' ಅಂತ ಬರೆದೆವು. ಅದು ತಪ್ಪು. ಅದಕ್ಕೇ ಈ ಟಿಪ್ಪಣಿ.

ಅಲ್ಲಿ ಸ್ವ್ಯಾಗ್ ಅಂದರೆ ಹಾಸಿಗೆ ಗಂಟು. 19ನೇ ಶತಮಾನದಲ್ಲಿ ಕುರಿ ಉಣ್ಣೆ ಕತ್ತರಿಸೋ ಕೆಲಸ ಹುಡುಕಿಕೊಂಡು ಊರೂರು ಅಲೆಯುತ್ತಿದ್ದವರು ಕಂಬಳಿಯೊಳಗೆ ಬಟ್ಟೆಬರೆ ಇಟ್ಟು ಸುತ್ತಿ, ಬಿಗಿದು, ಹೆಗಲಿಗೆ ಹಾಕಿಕೊಂಡು ಹೊರಡುತ್ತಿದ್ದರು. ಅವರಿಗೆ ಸ್ವ್ಯಾಗ್‌ಮನ್ ಅಂತಲೇ ಹೆಸರು. ಚಳ್ಳಕೆರೆ ಕಡೆ ಕುರಿ ಕಾಯುವವರು ಹೆಗಲ ಮೇಲೆ ಕಂಬಳಿ ಹಾಕಿಕೊಂಡು ಹೋಗೋದನ್ನು ನೋಡಿದ್ದೀರಿ ಅಲ್ವಾ, ಅದನ್ನು ನೆನೆಸಿಕೊಳ್ಳಿ, ಈ ಅರ್ಥ ಮರೆತುಹೋಗೋದಿಲ್ಲ. 1895ರಲ್ಲಿ ಬರೆದ 'ವಾಲ್ಟ್ಸಿಂಗ್ ಮಟಿಲ್ಡಾ' ಹಾಡಿನ ಮಟಿಲ್ಡಾ ಕೂಡ ಹುಡುಗಿಯಲ್ಲ, ಇದೇ ಗಂಟು.

ಪದದ ಬೇರು ಸ್ಕ್ಯಾಂಡಿನೇವಿಯಾ ಕಡೆಯದು ಅಂತ ನಿಘಂಟುಗಳು ಹೇಳುತ್ತವೆ. ಹಳೆಯ ಅರ್ಥಗಳು ಎರಡು: ಉಬ್ಬಿದ ಚೀಲ, ತೂಗಾಡುವುದು. ಇವೆರಡನ್ನು ಗಟ್ಟಿಯಾಗಿ ಹಿಡಿದುಕೊಳ್ಳಿ. ಚೀಲದಿಂದ ಕಳ್ಳರು ತುಂಬಿಕೊಂಡು ಹೋದ ಮಾಲು ಅನ್ನೋ ಅರ್ಥ ಬಂತು, ಹಳೇ ಪತ್ತೇದಾರಿ ಕಥೆ ಓದುವಾಗ ಇದು ಸಿಗುತ್ತದೆ. ತೂಗಾಡೋದರಿಂದ ಎರಡು ಕಂಬಗಳ ನಡುವೆ ಜೋಲುಬಿಟ್ಟ ಬಟ್ಟೆ, ಕಿಟಕಿ ಪರದೆಯ ಮೇಲಿನ ಬಾಗಿದ ಮಡಿಕೆ. ಕಲ್ಯಾಣ ಮಂಟಪದಲ್ಲಿ ಡೆಕೋರೇಷನ್‌ನವರು ಕಟ್ಟೋದು ಅದೇ.

ಈಗ ನಮಗೆ ಗೊತ್ತಿರೋ ಅರ್ಥಕ್ಕೆ ಬರೋಣ. ಮೈ ತೂಗಾಡಿಸುತ್ತ, ಎದೆ ಉಬ್ಬಿಸಿ ನಡೆಯೋದು ಸ್ವ್ಯಾಗರ್. ಶೇಕ್ಸ್‌ಪಿಯರ್ ಕಾಲದಲ್ಲೇ ಈ ಪದ ಇತ್ತು, ಆದರೆ ಬೈಗುಳದ ಹಾಗೆ: ಜಂಬ, ಸೊಕ್ಕು. 2000ದ ಈಚೆಗೆ ಅಮೆರಿಕದ ಕಪ್ಪು ಜನರ ಹಿಪ್‌ಹಾಪ್ ಇದನ್ನು ಹೊಗಳಿಕೆ ಮಾಡಿತು, ಅಲ್ಲಿಂದ ಸ್ವ್ಯಾಗ್ ಲೋಕಕ್ಕೆಲ್ಲ ಹರಡಿತು. ನನಗೆ ತುಂಬಾ ಇಷ್ಟವಾದ ಭಾಗ ಇದು. ಯಾರನ್ನು ಸೊಕ್ಕಿನವರು ಅಂತ ಜರೆಯುತ್ತಿದ್ದರೋ ಅವರೇ ಆ ಪದವನ್ನು ತಲೆಯೆತ್ತಿ ತೊಟ್ಟುಕೊಂಡರು. ಕನ್ನಡದಲ್ಲಿ ಇದಕ್ಕೆ ಗತ್ತು, ಖದರ್, ಠೀವಿ ಹತ್ತಿರ. ಜಂಬ ಅಂತ ಮಾತ್ರ ಬರೆಯಬೇಡಿ. ನಮ್ಮ 'ಉಬ್ಬು' ಕೂಡ ಹೀಗೇ ಅಲ್ವಾ, ಚೀಲವೂ ಉಬ್ಬುತ್ತದೆ, ಹೊಗಳಿದರೆ ಮನುಷ್ಯನೂ ಉಬ್ಬುತ್ತಾನೆ.

ಕೆಲಸದ ಕಡೆ ಬಂದರೆ, ಕಂಪನಿಗಳು ಪುಕ್ಕಟೆ ಕೊಡೋ ಟೀ ಶರ್ಟ್, ಬಾಟಲಿ, ಡೈರಿ ಎಲ್ಲವೂ ಸ್ವ್ಯಾಗ್. ಮದುವೆಯಿಂದ ಹೊರಡುವಾಗ ಕೈಗೆ ಕೊಡ್ತಾರಲ್ಲ ತಾಂಬೂಲದ ಚೀಲ, ಹೆಚ್ಚುಕಡಿಮೆ ಆ ಥರ. 'ಸ್ಟಫ್ ವಿ ಆಲ್ ಗೆಟ್' ಅನ್ನೋದರ ಮೊದಲಕ್ಷರಗಳಿಂದ ಈ ಪದ ಹುಟ್ಟಿತು ಅಂತ ಎಷ್ಟೋ ಜನ ಹೇಳ್ತಾರೆ. ನಂಬಬೇಡಿ, ಪದ ಹಳೆಯದು, ವಿಸ್ತರಣೆ ಆಮೇಲೆ ಕಟ್ಟಿದ್ದು.

ಪ್ರಾಜೆಕ್ಟ್ ಮ್ಯಾನೇಜರ್ ಬಾಯಲ್ಲಿ ಬಂದರೆ ಮಾತ್ರ ಅದು ನಿಜವಾಗಿಯೂ ಮೊದಲಕ್ಷರಗಳ ಪದ: 'ಸೈಂಟಿಫಿಕ್ ವೈಲ್ಡ್ ಆ್ಯಸ್ ಗೆಸ್'. 'ಎಷ್ಟು ದಿನ ಬೇಕು, ಒಂದು ಸ್ವ್ಯಾಗ್ ಕೊಡು' ಅಂದರೆ ಅನುಭವದ ಮೇಲೆ ಒಂದು ಕಣ್ಣಂದಾಜು ಹೇಳು ಅಂತ.