ಕಾಂಪೌಂಡ್ ಬೇಡ, ನಾಯಿ ಬರೆಯಪ್ಪ

ದೇಶ ದೇಶಗಳ ನಡುವಿನ ರಾಜಕೀಯವನ್ನು ವಿವರಿಸುವ ವಾಸ್ತವವಾದ ಅನ್ನುವ ಪಾಠವನ್ನು ಡಿಗ್ರಿ ಮಕ್ಕಳಿಗೆ ವರ್ಷಗಟ್ಟಲೆ ಬೋರ್ಡಿನ ಮೇಲೆ ಬರೆದೇ ಹೇಳಿಕೊಟ್ಟೆ. ಈಗ ಅದನ್ನೇ ಬನಶಂಕರಿಯ ಒಬ್ಬ ಅನಿಮೇಟರ್ ಹುಡುಗನ ಜೊತೆ ಸೇರಿ ನಾಲ್ಕು ನಿಮಿಷದ ಕಾರ್ಟೂನ್ ಮಾಡುತ್ತೇನೆ.

ಕಥೆ ಸರಳ. ಊರಾಚೆ ಹೊಸ ಲೇಔಟ್, ಎರಡೇ ಮನೆ, ಪೊಲೀಸ್ ಸ್ಟೇಷನ್ ಇಲ್ಲ. ಮನೆ ಅಂದರೆ ಇಲ್ಲಿ ದೇಶ. ಸ್ಟೇಷನ್ ಇಲ್ಲದಿರುವುದೇ ಈ ಸಿದ್ಧಾಂತದ ಬುಡ. ಪುಸ್ತಕದಲ್ಲಿ ಇದಕ್ಕೆ ಅರಾಜಕತೆ ಅನ್ನುತ್ತಾರೆ. ಮಕ್ಕಳು ಗಲಾಟೆ, ಕಲ್ಲುತೂರಾಟ ಅಂದುಕೊಳ್ಳುತ್ತಾರೆ. ಅದಲ್ಲ. ದೇಶಗಳ ಮೇಲೆ ಇನ್ನೊಂದು ಸರ್ಕಾರ ಇಲ್ಲ, ಕಷ್ಟ ಬಂದರೆ 112ಕ್ಕೆ ಫೋನ್ ಮಾಡುವಂತಿಲ್ಲ, ಅಷ್ಟೇ. 1979ರಲ್ಲಿ ಅಮೆರಿಕದ ರಾಜ್ಯಶಾಸ್ತ್ರಜ್ಞ ಕೆನೆತ್ ವಾಲ್ಟ್ಜ್ ಒತ್ತಿ ಹೇಳಿದ್ದೂ ಇದನ್ನೇ: ನಾಯಕರ ಗುಣ ಆಮೇಲೆ, ಮೊದಲು ಈ ವ್ಯವಸ್ಥೆ ನೋಡಿ.

ಹುಡುಗ ಎಡಗಡೆ ಮನೆಯವನಿಗೆ ದಪ್ಪ ಮೀಸೆ, ಗಂಟಿಕ್ಕಿದ ಹುಬ್ಬು ಬರೆದು ತಂದ. ತೆಗಿಯಪ್ಪ ಅಂದೆ. "ವಿಲನ್ ಇಲ್ಲದೆ ಕಥೆ ಹೇಗೆ ಸರ್?" ನನಗೆ ಬೇಕಿದ್ದದ್ದು ನಿದ್ದೆಗೆಟ್ಟ ಎರಡು ಮುಖ. ಇಬ್ಬರೂ ಒಳ್ಳೆಯವರೇ, ಆದರೂ ಜಗಳದ ಅಂಚಿಗೆ ಬರುತ್ತಾರೆ.

ಎಡವಿದ್ದು ನಾನು, ಕಾಂಪೌಂಡಿನಲ್ಲಿ. ಒಬ್ಬ ಗೋಡೆ ಎತ್ತರಿಸುತ್ತಾನೆ, ಅದನ್ನು ನೋಡಿ ಇನ್ನೊಬ್ಬನೂ ಹೆದರಿ ಎತ್ತರಿಸುತ್ತಾನೆ ಅಂತ ಬರೆದಿದ್ದೆ. ಕ್ಲಾಸಿನಲ್ಲಿ ತೋರಿಸಿದಾಗ ಹಿಂದಿನ ಬೆಂಚಿನ ಹುಡುಗಿ ಕೇಳಿದಳು: "ಪಕ್ಕದ್ಮನೆ ಗೋಡೆ ಎದ್ರೆ ನಮಗೇನ್ ಭಯ ಸರ್? ಬಿಸಿಲು ಬರಲ್ಲ ಅಷ್ಟೇ."

ನಿಜ ಅಲ್ವಾ? ಗೋಡೆ ಕಚ್ಚುವುದಿಲ್ಲ. ಅಮೆರಿಕದವರೇ ಆದ ಇನ್ನೊಬ್ಬ ರಾಜ್ಯಶಾಸ್ತ್ರಜ್ಞ ರಾಬರ್ಟ್ ಜರ್ವಿಸ್ 1978ರಲ್ಲೇ ಇದನ್ನು ಬಿಡಿಸಿ ಹೇಳಿದ್ದರು. ಕಾಪಾಡಿಕೊಳ್ಳುವ ಆಯುಧ ಯಾವುದು, ಮೇಲೆ ಬೀಳುವ ಆಯುಧ ಯಾವುದು ಅಂತ ಗೊತ್ತಾದರೆ ಭಯ ಕಡಿಮೆ. ಗೊತ್ತಾಗದಿದ್ದಾಗಲೇ ಫಜೀತಿ. ಸರಿ, ಗೋಡೆ ಅಳಿಸಿ ನಾಯಿ ತಂದೆವು. ಕಾವಲಿಗೆ ಅಂತ ಸಾಕಿದ್ದು ಪಕ್ಕದವನ ಕಾಲಿಗೂ ಬಾಯಿ ಹಾಕಬಹುದು. ಅವನು ಇನ್ನೂ ದೊಡ್ಡ ನಾಯಿ ತರುತ್ತಾನೆ. ಕೊನೆಗೆ ನಾಲ್ಕು ನಾಲ್ಕು ನಾಯಿ, ರಾತ್ರಿಯೆಲ್ಲ ಬೊಗಳಾಟ, ಎರಡೂ ಮನೆಯಲ್ಲಿ ಲೈಟ್ ಆರುವುದಿಲ್ಲ. ಭದ್ರತಾ ಸಂದಿಗ್ಧ ಅನ್ನುವುದು ಇದಕ್ಕೇ.

ಅದೇ ಬೊಗಳಾಟದ ಮೇಲೆ 1998ರ ಕ್ಯಾಲೆಂಡರ್ ತೋರಿಸುತ್ತೇವೆ. ಮೇ 11ಕ್ಕೆ ಪೋಖ್ರಾನ್‌ನಲ್ಲಿ ಭಾರತದ ಅಣುಪರೀಕ್ಷೆ. 17 ದಿನ ಕಳೆದು, 28ಕ್ಕೆ ಪಾಕಿಸ್ತಾನದ್ದು.

ಅದೇ ಹುಡುಗಿ ಮತ್ತೆ ಕೈ ಎತ್ತಿದಳು. ಇಷ್ಟು ನಾಯಿ ಇದ್ದರೆ ಯಾರೂ ಯಾರ ಗೇಟೂ ಮುಟ್ಟಲ್ಲ, ಒಳ್ಳೇದೇ ಅಲ್ವಾ ಅಂದಳು. ಅಣುಬಾಂಬಿನ ಬಗ್ಗೆ ವಾಲ್ಟ್ಜ್ 1981ರಲ್ಲಿ ಮಾಡಿದ್ದು ಹೆಚ್ಚೂಕಡಿಮೆ ಇದೇ ವಾದ. ಆದರೆ ಎರಡೂ ಕಡೆ ಬಾಂಬ್ ಇದ್ದರೂ 1999ರಲ್ಲಿ ಕಾರ್ಗಿಲ್ ಯುದ್ಧ ಬಂತಲ್ಲ. ಅದನ್ನು ನಾಯಿಗಳಲ್ಲಿ ಹೇಗೆ ತೋರಿಸುವುದು ಅಂತ ನಾವಿಬ್ಬರೂ ಇನ್ನೂ ತಲೆ ಕೆರೆದುಕೊಳ್ಳುತ್ತಿದ್ದೇವೆ.